ಸಂಪಾದಕರ ಉತ್ತರ: ಕಥೆ ಬರೆದವರು ಎಲ್ಲಿ?

‘ಶೋಲೆ ಬಗ್ಗೆ ಎರಡು ಪುಟ ಬರೆದಿದ್ದೀರಿ. ಗಬ್ಬರ್ ಇದ್ದಾನೆ, ಶೂಟಿಂಗ್ ನಡೆದ ನಮ್ಮೂರಿನ ಬಂಡೆಗಳಿವೆ. ಕಥೆ ಬರೆದವರು ಎಲ್ಲಿ? ನನ್ನ ಮಗಳು ಹಿಂದಿ ಸಿನಿಮಾಕ್ಕೆ ಬರೆಯಬೇಕು ಅಂತಿದ್ದಾಳೆ. ಹೆಸರೇ ಸಿಗದ ಕೆಲಸಕ್ಕೆ ಹೇಗೆ ಕಳಿಸಲಿ?’ ಎಂದು ರಾಮನಗರದ ಓದುಗರೊಬ್ಬರು ಕೇಳಿದ್ದಾರೆ.

ತಪ್ಪು ನಮ್ಮದೇ. ಕಥೆ ಬರೆದ ಸಲೀಂ–ಜಾವೇದ್ ಜೋಡಿಯ ಹೆಸರು ಬಿಟ್ಟು ಶೋಲೆ ಬಗ್ಗೆ ಬರೆಯಬಾರದಿತ್ತು. ಕ್ಷಮಿಸಿ.

ಸಲೀಂ ಖಾನ್ ನಟನಾಗಲು ಇಂದೋರಿನಿಂದ ಮುಂಬೈಗೆ ಬಂದವರು. 1964ರಲ್ಲಿ ಬಂದ ಜಾವೇದ್ ಅಖ್ತರ್ ಶೂಟಿಂಗಿನಲ್ಲಿ ಕ್ಲಾಪ್ ಬೋರ್ಡ್ ಹೊಡೆಯುವ ಕೆಲಸ ಮಾಡಿದವರು. ಇಬ್ಬರಿಗೂ ಪರಿಚಯವಾಗಿದ್ದು ಒಂದು ಸಿನಿಮಾ ಸೆಟ್ಟಿನಲ್ಲಿ. ಆಮೇಲೆ ಸಿಪ್ಪಿ ಫಿಲ್ಮ್ಸ್‌ನ ಕಥಾ ವಿಭಾಗದಲ್ಲಿ ತಿಂಗಳ ಸಂಬಳಕ್ಕೆ ಸೇರಿದರು. ಆಗ ಬರೆಯುವವರನ್ನು ಅಲ್ಲಿ ‘ಮುನ್ಷಿ’ ಅನ್ನುತ್ತಿದ್ದರು, ಅಂದರೆ ಗುಮಾಸ್ತ. ಪೋಸ್ಟರಿನಲ್ಲಿ ಗುಮಾಸ್ತನ ಹೆಸರು ಯಾರು ಹಾಕುತ್ತಾರೆ?

1973ರಲ್ಲಿ ಇವರು ಬರೆದ ‘ಜಂಜೀರ್’ ಬಂತು. ಅದರ ಪೋಸ್ಟರಿನಲ್ಲೂ ಇವರ ಹೆಸರಿರಲಿಲ್ಲ. ಇವರು ಸುಮ್ನೆ ಕೂರಲಿಲ್ಲ. ದುಡ್ಡು ಕೊಟ್ಟು ಪೇಂಟರ್ ಹಿಡಿದರು, ಮುಂಬೈ ಗೋಡೆಗಳಲ್ಲಿದ್ದ ಪೋಸ್ಟರುಗಳ ಮೇಲೆ ತಮ್ಮ ಹೆಸರು ಬರೆಸಿದರು. ಆತ ಸಿಕ್ಕಲ್ಲೆಲ್ಲ ಬರೆದ, ನಟರ ಮುಖದ ಮೇಲೂ! ಈ ಘಟನೆ ನೆನೆದಾಗೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ. ಅಲ್ಲಿಂದಾಚೆಗೆ ಜನ ಇವರ ಹೆಸರು ನೋಡಿಯೇ ಟಿಕೆಟ್ ತೆಗೆದುಕೊಳ್ಳತೊಡಗಿದರು.

ಶೋಲೆಯ ಕಥೆ ಮೊದಲು ಇದ್ದದ್ದು ಬರೀ ನಾಲ್ಕು ಸಾಲು. ಕೇಳಿದ ಬೇರೆಯವರು ಬೇಡ ಅಂದರು, ಸಿಪ್ಪಿ ಹೂಂ ಅಂದರು. ಸಲೀಂ ಅವರ ತಂದೆ ಪೊಲೀಸ್ ಅಧಿಕಾರಿ. ಚಂಬಲ್ ಕಡೆಯ ಗಬ್ಬರ್ ಎಂಬ ಡಕಾಯಿತನ ವಿಷಯ ಮಗನಿಗೆ ಗೊತ್ತಾಗಿದ್ದು ಅವರಿಂದಲೇ. ನಿಮ್ಮೂರಿನ ಬಂಡೆಗಳ ಮೇಲೆ ಓಡಾಡಿದ ಆ ಗಬ್ಬರ್ ಹುಟ್ಟಿದ್ದು ಹಾಗೆ. ಶೋಲೆ ಬಂದ 1975ರಲ್ಲೇ ಇವರ ‘ದೀವಾರ್’ ಕೂಡ ತೆರೆಗೆ ಬಂತು. ಮರುವರ್ಷ ನಮ್ಮ ರಾಜ್‌ಕುಮಾರ್ ಅವರ ‘ಪ್ರೇಮದ ಕಾಣಿಕೆ’ಗೂ ‘ರಾಜ ನನ್ನ ರಾಜ’ಕ್ಕೂ ಕಥೆ ಇವರದ್ದೇ. ಎಷ್ಟು ಜನರಿಗೆ ಗೊತ್ತು ಇದು?

ಎಂಬತ್ತರ ದಶಕದ ಆರಂಭದಲ್ಲಿ ಜೋಡಿ ಬೇರೆಯಾಯಿತು. ಜಾವೇದ್ ಹಾಡು ಬರೆಯುವ ಕಡೆ ಹೋದರು. ಮುಂದೆ ರಾಜ್ಯಸಭೆಯಲ್ಲಿದ್ದಾಗ ಬರೆಯುವವರ ಹಕ್ಕಿಗಾಗಿ ಜೋರಾಗಿ ವಾದಿಸಿದರು. 2012ರಲ್ಲಿ ಕಾಪಿರೈಟ್ ಕಾಯ್ದೆ ತಿದ್ದುಪಡಿಯಾಯಿತು. ಥಿಯೇಟರಿನ ಆಚೆಗೆ ಸಿನಿಮಾ ಬಳಕೆಯಾದಾಗ ಬರೆದವರಿಗೆ ಬರಬೇಕಾದ ರಾಯಲ್ಟಿಯನ್ನು ಈಗ ಒಪ್ಪಂದದಲ್ಲಿ ಬರೆಸಿಕೊಂಡು ಕಿತ್ತುಕೊಳ್ಳುವ ಹಾಗಿಲ್ಲ. ಕಾನೂನಿದ್ದರೂ ವಸೂಲಿ ಕಷ್ಟವೇ, ಅದನ್ನು ಮುಚ್ಚಿಡುವುದಿಲ್ಲ.

ಮಗಳನ್ನು ಕಳಿಸಿ. ಆದರೆ ಎರಡು ಮಾತು ಹೇಳಿಕೊಡಿ. ಯಾರಿಗಾದರೂ ಕಥೆ ಹೇಳುವ ಮೊದಲು ಮುಂಬೈನ ಸ್ಕ್ರೀನ್‌ರೈಟರ್ಸ್ ಅಸೋಸಿಯೇಷನ್‌ನಲ್ಲಿ ನೋಂದಾಯಿಸಲಿ. ಮುಂಗಡ ಎಷ್ಟು, ಹೆಸರು ಎಲ್ಲಿ ಬರುತ್ತದೆ ಅನ್ನೋದನ್ನು ಕಾಗದದ ಮೇಲೆ ಬರೆಸಿಕೊಳ್ಳಲಿ. ಬಾಯಿಮಾತು ನಂಬಬೇಡಿ.

ಇನ್ನು ನಮ್ಮ ಪಾಲಿನದು. ಮುಂದಿನ ಸಂಚಿಕೆಯಿಂದ ಪ್ರತಿ ಸಿನಿಮಾ ವಿಮರ್ಶೆಯಲ್ಲೂ ನಿರ್ದೇಶಕರ ಹೆಸರಿನ ಪಕ್ಕದಲ್ಲೇ ಬರೆದವರ ಹೆಸರೂ ಇರುತ್ತದೆ. ಎಲ್ಲಾದರೂ ಬಿಟ್ಟುಹೋದರೆ ಮತ್ತೆ ಕಾಗದ ಬರೆಯಿರಿ.