ಹರಾಜೂ ಆಗಲಿಲ್ಲ, ಕೇಸೂ ಮುಗಿಯಿತು: ನಾವು ಗೆದ್ದೆವಾ, ಸೋತೆವಾ?

ಪ್ರಶ್ನೆ: ನಮ್ಮದು ಗಂಗಾವತಿಯಲ್ಲಿ ಸಣ್ಣ ರೈಸ್‌ಮಿಲ್. ಸಾಲಕ್ಕೆ ಮನೆ ಅಡ ಇಟ್ಟಿದ್ದೆವು. ಕಂತು ತಪ್ಪಿ ಬ್ಯಾಂಕ್ ಹರಾಜಿನ ನೋಟಿಸ್ ಹೊರಡಿಸಿತು. ಧಾರವಾಡ ಹೈಕೋರ್ಟ್ ಪೀಠದಲ್ಲಿ ರಿಟ್ ಹಾಕಿದೆವು. ವಿಚಾರಣೆಗೆ ಬರುವಷ್ಟರಲ್ಲಿ ಹರಾಜಿನ ದಿನವೇ ಕಳೆದಿತ್ತು, ಒಬ್ಬರೂ ಬಿಡ್ ಹಾಕಿರಲಿಲ್ಲ. ‘ಅರ್ಜಿ ನಿರರ್ಥಕ’ ಎಂದು ಕೋರ್ಟ್ ಮುಗಿಸಿತು. ಈಗ ನಾವು ಗೆದ್ದಂತೆಯೋ, ಸೋತಂತೆಯೋ? ಬ್ಯಾಂಕ್‌ನವರು ಮತ್ತೆ ಬರಬಹುದಾ ಸರ್?

ಉತ್ತರ: ಎರಡೂ ಅಲ್ಲ. ನೀವು ಕೇಳಿದ್ದು ಆ ಒಂದು ನೋಟಿಸ್ ರದ್ದು ಮಾಡಿ ಅಂತ. ತಾರೀಖೇ ಕಳೆದ ಮೇಲೆ ರದ್ದು ಮಾಡೋದಕ್ಕೆ ಏನೂ ಉಳಿಯಲಿಲ್ಲ. ನೋಟಿಸ್ ಸರಿಯೋ ತಪ್ಪೋ ಎಂಬ ಮಾತಿಗೆ ಕೋರ್ಟ್ ಹೋಗಿಯೇ ಇಲ್ಲ. ಹಾಗಾಗಿ ಬ್ಯಾಂಕ್ ಮತ್ತೆ ಬರಬಹುದು, ಅದೂ ಬೇಗ. ಮೊದಲ ಹರಾಜಿಗೆ 30 ದಿನ ಮುಂಚೆ ನೋಟಿಸ್ ಕೊಡಬೇಕು. ಹರಾಜು ಬಿದ್ದುಹೋಗಿ ಮತ್ತೆ ಕರೆಯುವಾಗ 15 ದಿನ ಸಾಕು. ಸ್ಟೇ ಸಿಕ್ಕಿದ್ದರೆ ಅದೂ ಅರ್ಜಿಯ ಜತೆಗೇ ಹೋಯಿತು.

ಮೊದಲು ಆದೇಶದ ಪ್ರತಿ ತರಿಸಿ ಕೊನೆಯ ಪ್ಯಾರಾ ನೋಡಿ. ನಿಮ್ಮ ತಕರಾರುಗಳನ್ನು ಮುಂದೆ ಎತ್ತಲು ಅವಕಾಶವಿದೆ ಎಂಬ ಅರ್ಥದ ಸಾಲು ಇದೆಯಾ? ಇದ್ದರೆ ನಾಳೆ ಬ್ಯಾಂಕ್ ವಕೀಲರು ‘ಇದು ಆಗಲೇ ಮುಗಿದ ವಿಷಯ’ ಎಂದು ಅಡ್ಡಗಾಲು ಹಾಕೋದು ಕಷ್ಟ. ಕೇಸ್ ಮುಗಿಸುವ ಅವಸರದಲ್ಲಿ ಈ ಸಾಲು ಕೇಳಿಕೊಳ್ಳುವುದನ್ನು ನಮ್ಮ ವಕೀಲರೇ ಎಷ್ಟೋ ಸಲ ಮರೆಯುತ್ತಾರೆ.

ಇನ್ನೊಂದು ಸಲ ರಿಟ್ ಹಾಕುವ ಮುಂಚೆ ಯೋಚಿಸಿ. ಸರ್ಫೇಸಿ ಕಾಯ್ದೆಯ (ಕೋರ್ಟ್‌ಗೆ ಹೋಗದೆಯೇ ಅಡ ಇಟ್ಟ ಆಸ್ತಿ ಮಾರಿ ಸಾಲ ವಸೂಲಿ ಮಾಡಲು ಬ್ಯಾಂಕಿಗೆ ಅವಕಾಶ ಕೊಡುವ ಕಾನೂನು) ವಿಷಯಕ್ಕೆ ಹೈಕೋರ್ಟ್‌ಗಳು ಸುಲಭವಾಗಿ ಕೈ ಹಾಕಬಾರದು ಅಂತ ಸುಪ್ರೀಂ ಕೋರ್ಟ್ 2010ರಲ್ಲೇ ಖಡಕ್ಕಾಗಿ ಹೇಳಿದೆ. ನಿಮ್ಮ ಜಾಗ ಸಾಲ ವಸೂಲಾತಿ ನ್ಯಾಯಮಂಡಳಿ, ಅಂದರೆ ಡಿಆರ್‌ಟಿ. ಅದು ಬೆಂಗಳೂರಿನಲ್ಲಿದೆ, ಓಡಾಟ ಜಾಸ್ತಿ, ನಿಜ. ಬ್ಯಾಂಕ್ ಕ್ರಮ ಕೈಗೊಂಡ 45 ದಿನದೊಳಗೆ ಅರ್ಜಿ ಹಾಕಬೇಕು. ಅಲ್ಲಿ ಸುಮ್ನೆ ಹರಾಜಿನ ತಾರೀಖಿನ ಮೇಲೆ ಜಗಳ ಬೇಡ. ಬಾಕಿ ಕಟ್ಟಲು 60 ದಿನ ಕೊಡುವ ಮೊದಲ ನೋಟಿಸ್ ಸರಿಯಾಗಿ ಮುಟ್ಟಿತಾ, ನಿಮ್ಮ ಆಕ್ಷೇಪಣೆಗೆ 15 ದಿನದಲ್ಲಿ ಉತ್ತರ ಬಂತಾ, ಮನೆಗೆ ಬೆಲೆ ಕಟ್ಟಿದ್ದು ಹೇಗೆ, ಇದೆಲ್ಲವನ್ನೂ ಪ್ರಶ್ನಿಸಿ. ಆಗ ಒಂದು ಹರಾಜು ಬಿದ್ದುಹೋದರೂ ಕೇಸ್ ಬೀಳಲ್ಲ. ಮನೆ ಬ್ಯಾಂಕಿನ ವಶಕ್ಕೆ ಹೋಗಿದ್ದರೂ, ಕ್ರಮ ತಪ್ಪಿದ್ದರೆ ವಾಪಸ್ ಕೊಡಿಸುವ ಅಧಿಕಾರ ಡಿಆರ್‌ಟಿಗಿದೆ.

ದುಡ್ಡು ಹೊಂದಿಸುವಂತಿದ್ದರೆ ಹೊಸ ಹರಾಜಿನ ಪ್ರಕಟಣೆ ಬರುವ ಮುಂಚೆಯೇ ಹೊಂದಿಸಿ. 2016ರ ತಿದ್ದುಪಡಿ ಆದಮೇಲೆ, ಬಾಕಿ ಕಟ್ಟಿ ಆಸ್ತಿ ಬಿಡಿಸಿಕೊಳ್ಳುವ ಹಕ್ಕು ಪ್ರಕಟಣೆಯವರೆಗೆ ಮಾತ್ರ. ಓಟಿಎಸ್, ಅಂದರೆ ಒಂದೇ ಸಲಕ್ಕೆ ಇಷ್ಟು ಕಟ್ಟಿ ಸಾಲ ಮುಗಿಸುವ ಒಪ್ಪಂದ, ಕೇಳಿ, ಬರವಣಿಗೆಯಲ್ಲೇ ಕೇಳಿ. ಆದರೆ ಕೊಡಲೇಬೇಕು ಅಂತ ಹಟ ಹಿಡಿಯೋ ಹಾಗಿಲ್ಲ, ಅದು ಬ್ಯಾಂಕಿಗೆ ಬಿಟ್ಟದ್ದು.

ಅಂದಹಾಗೆ, ಮನೆ ಜತೆ ಗದ್ದೆಯನ್ನೂ ಅಡ ಇಟ್ಟಿದ್ದೀರಾ? ಕೃಷಿ ಜಮೀನಿಗೆ ಸರ್ಫೇಸಿ ಅನ್ವಯಿಸಲ್ಲ. ಹಾಗಿದ್ದರೆ ಪಹಣಿ ತೆಗೆಸಿ ವಕೀಲರಿಗೆ ತೋರಿಸಿ.