ಕೂಗಿದಷ್ಟೂ ಜೋರಾಗುತ್ತಾ ಹೋಗುವ ಕೋಣೆ ಇರಬಹುದೇ?

ಪ್ರಶ್ನೆ: ನಾನೊಂದು ಕಥೆ ಬರೆಯುತ್ತಿದ್ದೇನೆ. ಅದರಲ್ಲಿ ನಮ್ಮ ಗೋಳಗುಮ್ಮಟದಂಥ ಒಂದು ಕೋಣೆ ಇದೆ. ಒಳಗೆ ಒಮ್ಮೆ ಮಾತಾಡಿದರೆ ಸಾಕು, ಆ ಮಾತು ತಾನಾಗಿಯೇ ಮತ್ತೆ ಮತ್ತೆ ಕೇಳಿಸುತ್ತದೆ, ಪ್ರತಿ ಸಲವೂ ಹಿಂದಿಗಿಂತ ಜೋರಾಗಿ. ಕೊನೆಗೆ ಒಳಗಿದ್ದವರ ಕಿವಿ ಒಡೆದುಹೋಗುತ್ತದೆ. ಅಲ್ಲಿ ಸುಮ್ನೆ ಕೂತರೂ ತಲೆಯೊಳಗಿನ ಯೋಚನೆಗಳು ಹಾಗೇ ಬೆಳೆಯುತ್ತವೆ. ಇದರಲ್ಲಿ ನಿಜ ಎಷ್ಟು, ಕಲ್ಪನೆ ಎಷ್ಟು?
– ಓದುಗರು, ವಿಜಯಪುರ

ಉತ್ತರ: ಮತ್ತೆ ಮತ್ತೆ ಕೇಳಿಸುವುದು ನಿಜ. ಪ್ರತಿ ಸಲ ಜೋರಾಗುವುದು ಆಗದ ಮಾತು. ಅದು ಆಗಬೇಕಾದರೆ ಕೋಣೆಗೆ ಹೊರಗಿನಿಂದ ಶಕ್ತಿ ಸಿಗಬೇಕು.

ನಿಮ್ಮ ಊರಿನ ಗುಮ್ಮಟದಿಂದಲೇ ಶುರು ಮಾಡೋಣ. ಅದರ ಒಳಗಿನ ಅಗಲ ಸುಮಾರು 38 ಮೀಟರ್. ಶಬ್ದ ಸೆಕೆಂಡಿಗೆ 340 ಮೀಟರ್‌ಗಿಂತ ಸ್ವಲ್ಪ ಜಾಸ್ತಿ ಓಡುತ್ತದೆ. ಅಂದರೆ ಚಪ್ಪಾಳೆ ತಟ್ಟಿದರೆ ಆ ಸದ್ದು ಎದುರಿನ ಗೋಡೆಗೆ ಬಡಿದು ವಾಪಸ್ ಬರಲು ಸುಮಾರು 0.22 ಸೆಕೆಂಡ್ ಬೇಕು. ಎರಡು ಸದ್ದುಗಳನ್ನು ಬೇರೆ ಬೇರೆಯಾಗಿ ಕೇಳಲು ನಮ್ಮ ಕಿವಿಗೆ ಇಷ್ಟು ಅಂತರ ಧಾರಾಳ. ಅದಕ್ಕೇ ಗೈಡ್‌ಗಳು ಹೇಳುವ ‘ಏಳು ಸಲ’ವನ್ನು ನಾವು ಎಣಿಸಲು ಆಗುತ್ತದೆ. ಮುಂದಿನ ಸಲ ಹೋದಾಗ ಎಣಿಸುವುದರ ಜೊತೆಗೆ ಜೋರನ್ನೂ ಗಮನಿಸಿ. ಎರಡನೆಯದು ಮೊದಲಿನದಕ್ಕಿಂತ ಮೆತ್ತಗೆ, ಮೂರನೆಯದು ಇನ್ನೂ ಮೆತ್ತಗೆ. ಗೋಡೆಯ ಪಕ್ಕದ ಪಿಸುಮಾತು ಆಚೆ ಬದಿಗೂ ಕೇಳಿಸುತ್ತದಲ್ಲ, ಅಲ್ಲೂ ಶಬ್ದ ಬೆಳೆದಿರುವುದಿಲ್ಲ. ಬಾಗಿದ ಗೋಡೆಗೆ ಅಂಟಿಕೊಂಡೇ ಓಡುವುದರಿಂದ ಎಲ್ಲ ಕಡೆ ಚದುರಿ ಪೋಲಾಗುವುದು ತಪ್ಪುತ್ತದೆ, ಅಷ್ಟೇ. ಸಿ.ವಿ. ರಾಮನ್ 1920ರ ದಶಕದ ಆರಂಭದಲ್ಲಿ ಇಂಥ ಪಿಸುಮಾತಿನ ಗ್ಯಾಲರಿಗಳನ್ನು ಅಧ್ಯಯನ ಮಾಡಿದರು. ಗೋಳಗುಮ್ಮಟವೂ ಅವುಗಳಲ್ಲೊಂದು.

ಶಬ್ದ ಬಹಳ ಹೊತ್ತು ನಿಲ್ಲುವ ಜಾಗ ಬೇಕೆಂದರೆ ಸ್ಕಾಟ್ಲೆಂಡ್‌ಗೆ ಹೋಗಬೇಕು. ಅಲ್ಲಿನ ಇಂಚಿನ್‌ಡೌನ್ ಎಂಬಲ್ಲಿ ಎರಡನೇ ಮಹಾಯುದ್ಧದ ಕಾಲದ ಎಣ್ಣೆ ಟ್ಯಾಂಕ್‌ಗಳು ಬೆಟ್ಟದೊಳಗೆ ಅಡಗಿವೆ. ದೊಡ್ಡ ಟ್ಯಾಂಕಿನ ಉದ್ದ 200 ಮೀಟರ್‌ಗೂ ಜಾಸ್ತಿ. ಟ್ರೆವರ್ ಕಾಕ್ಸ್ ಎಂಬ ಶಬ್ದ ವಿಜ್ಞಾನಿ ಕೊಳವೆಯೊಂದರಲ್ಲಿ ತೂರಿ ಒಳಗೆ ಹೋಗಿ, ಗುಂಡಿಲ್ಲದ ಪಿಸ್ತೂಲು ಹಾರಿಸಿ ಅಳತೆ ಮಾಡಿದರು. ಆ ಸದ್ದಿನ ತಗ್ಗು ಸ್ವರದ ಭಾಗ ಹೆಚ್ಚುಕಡಿಮೆ ಅಡಗಲು 112 ಸೆಕೆಂಡ್ ಹಿಡಿಯಿತು! ಅಷ್ಟಾದರೂ ಅದು ಅಡಗುತ್ತಾ ಹೋಯಿತೇ ಹೊರತು ಏರಲಿಲ್ಲ.

ಆದರೆ ಒಬ್ಬರು ಒಳಗೆ ನಿಂತು ಬಿಡದೆ ಕೂಗುತ್ತಲೇ ಇದ್ದರೆ? ಒಳ್ಳೆಯ ಅನುಮಾನ. ತೂತಿರುವ ಕೊಡಕ್ಕೆ ನಲ್ಲಿ ಬಿಟ್ಟ ಹಾಗೆ, ಸ್ವಲ್ಪ ಮಟ್ಟಕ್ಕೆ ಏರಿ ಅಲ್ಲೇ ನಿಲ್ಲುತ್ತದೆ. ನಿಮ್ಮ ಕಥೆಗಾಗಿ ಗೋಡೆಗಳು ಶಬ್ದವನ್ನು ಒಂಚೂರೂ ಹೀರುವುದಿಲ್ಲ ಅಂದುಕೊಳ್ಳೋಣ. ಆಗಲೂ ಒಂದು ತೂತು ಉಳಿಯುತ್ತದೆ: ಒಳಗೆ ನಿಂತ ಮನುಷ್ಯ. ನಮ್ಮ ಮೈ, ಬಟ್ಟೆ ಎರಡೂ ಸೇರಿ ಸುಮಾರು ಅರ್ಧ ಚದರ ಮೀಟರ್ ತೆರೆದ ಕಿಟಕಿಯಷ್ಟು ಶಬ್ದವನ್ನು ನುಂಗುತ್ತವೆ. ಮನುಷ್ಯನ ಕೂಗಿನ ಶಕ್ತಿಯೋ, ಬರೀ ಒಂದು ಮಿಲಿವಾಟ್ ಆಸುಪಾಸು. ಲೆಕ್ಕ ಹಾಕಿದರೆ ಆ ಕೋಣೆ ಸುಮಾರು 100 ಡೆಸಿಬೆಲ್ (ಶಬ್ದದ ಜೋರಿನ ಅಳತೆ) ಹತ್ತಿರ ನಿಂತುಬಿಡುತ್ತದೆ. 100 ಡೆಸಿಬೆಲ್‌ನಲ್ಲಿ ದಿನಕ್ಕೆ 15 ನಿಮಿಷಕ್ಕಿಂತ ಹೆಚ್ಚು ಇರಬಾರದು ಎನ್ನುವುದು ಕಿವಿಯ ಸುರಕ್ಷತೆಗೆ ಬಳಸುವ ಒಂದು ಮಿತಿ. ಅಂದರೆ ನಿಮ್ಮ ಕಥಾನಾಯಕ ಕಾಲು ಗಂಟೆ ಉಸಿರು ಬಿಡದೆ ಕೂಗಬೇಕು. ಕಿವಿಗಿಂತ ಮೊದಲು ಗಂಟಲು ಹೋಗುತ್ತದೆ, ಅಲ್ವಾ?

ಹಾಗಾದರೆ ತಾನೇ ಬೆಳೆಯುವ ಶಬ್ದ ಇಲ್ಲವೇ ಇಲ್ಲವೇ? ಇದೆ. ಜಾತ್ರೆಯ ಆರ್ಕೆಸ್ಟ್ರಾದಲ್ಲಿ ಮೈಕ್ ‘ಕೂಂಯ್’ ಎಂದು ಕಿರುಚುವುದನ್ನು ಕೇಳಿರುತ್ತೀರಿ. ಮೈಕ್ ಹಿಡಿದ ಶಬ್ದವನ್ನು ಆಂಪ್ಲಿಫೈಯರ್ ಹೆಚ್ಚಿಸಿ ಸ್ಪೀಕರ್‌ಗೆ ಕೊಡುತ್ತದೆ. ಸ್ಪೀಕರ್ ಶಬ್ದವನ್ನು ಮೈಕ್ ಮತ್ತೆ ಹಿಡಿಯುತ್ತದೆ. ಒಂದು ಸುತ್ತು ಮುಗಿಸಿ ಬಂದ ಶಬ್ದ ಹೊರಟಾಗಿನದಕ್ಕಿಂತ ಒಂದು ಕೂದಲೆಳೆ ಜಾಸ್ತಿ ಇದ್ದರೂ ಸಾಕು, ಕಣ್ಣು ಮಿಟುಕಿಸುವುದರಲ್ಲಿ ಆಂಪ್ಲಿಫೈಯರ್‌ನ ಮಿತಿ ಮುಟ್ಟುತ್ತದೆ. ಕೆಲವು ನೂರು ವಾಟ್‌ನ ಸ್ಪೀಕರ್ ಪಕ್ಕದಲ್ಲಿ ಇದು ನಿಜಕ್ಕೂ ಅಪಾಯ. ಹಾಗಂತ ಕಿವಿಯ ಪರದೆ ಹರಿಯುವುದಿಲ್ಲ. ಬರೀ ಶಬ್ದಕ್ಕೆ ಪರದೆ ಹರಿಯಲು ಸ್ಫೋಟದಂಥ ಒತ್ತಡ ಬೇಕು. ಸಾಯುವುದು ಒಳಕಿವಿಯ ಸೂಕ್ಷ್ಮ ಕೂದಲ ಕೋಶಗಳು. ನಮ್ಮಲ್ಲಿ ಅವು ಮತ್ತೆ ಹುಟ್ಟುವುದಿಲ್ಲ.

ಕಥೆಗಾರರಿಗೆ ಇದಕ್ಕಿಂತ ರುಚಿಯಾದ ವಿಷಯ ಇನ್ನೊಂದಿದೆ. 1969ರಲ್ಲಿ ಅಮೆರಿಕದ ಸಂಯೋಜಕ ಆಲ್ವಿನ್ ಲೂಸಿಯೆ ಕೋಣೆಯಲ್ಲಿ ಕೂತು ತಮ್ಮ ಮಾತನ್ನು ಟೇಪ್ ಮಾಡಿದರು. ಅದನ್ನು ಅದೇ ಕೋಣೆಯಲ್ಲಿ ಹಾಕಿ, ಕೇಳಿಸಿದ್ದನ್ನು ಮತ್ತೆ ಟೇಪ್ ಮಾಡಿದರು. ಹೀಗೆ ಮಾಡುತ್ತಲೇ ಹೋದರು. ಪ್ರತಿ ಸುತ್ತಿನಲ್ಲೂ ಕೋಣೆಗೆ ಒಗ್ಗುವ ಸ್ವರಗಳು ಉಬ್ಬಿದವು, ಉಳಿದವು ಸವೆದವು. ಕೊನೆಗೆ ಒಂದಕ್ಷರವೂ ತಿಳಿಯದಂತಾಗಿ ಬರೀ ಗುಂಯ್‌ಗುಡುವ ಸ್ವರಗಳು ಉಳಿದವು. ಹಾಗಾಗಿ ನಿಮ್ಮ ಕೋಣೆಯಲ್ಲಿ ಮಾತು ಮಾತಾಗಿಯೇ ಬೆಳೆಯುವುದಿಲ್ಲ. ಅದು ಮೊದಲು ಕರಗಿಹೋಗುತ್ತದೆ. ನನ್ನನ್ನು ಕೇಳಿದರೆ ಕಿವಿ ಒಡೆಯುವುದಕ್ಕಿಂತ ಇದೇ ಹೆಚ್ಚು ಭಯ ಹುಟ್ಟಿಸುತ್ತದೆ.

ಇನ್ನು ಯೋಚನೆ. ಯೋಚನೆ ಗಾಳಿಯನ್ನು ಅಲುಗಾಡಿಸುವುದಿಲ್ಲ, ಆದ್ದರಿಂದ ಗೋಡೆಗೆ ಅದು ತಿಳಿಯುವುದೇ ಇಲ್ಲ. ಆದರೆ ಹೊರಗಿನದನ್ನೆಲ್ಲ ಕಿತ್ತುಕೊಂಡರೆ ತಲೆ ಏನು ಮಾಡುತ್ತದೆ ಎಂಬುದನ್ನು 1950ರ ದಶಕದಲ್ಲಿ ಕೆನಡಾದ ಮೆಗಿಲ್ ವಿಶ್ವವಿದ್ಯಾಲಯದಲ್ಲಿ ಮನೋವಿಜ್ಞಾನಿ ಡೊನಾಲ್ಡ್ ಹೆಬ್ ಅವರ ತಂಡ ಪರೀಕ್ಷಿಸಿತು. ದಿನಕ್ಕೆ 20 ಡಾಲರ್ ಕೊಟ್ಟು ವಿದ್ಯಾರ್ಥಿಗಳನ್ನು ಹಾಸಿಗೆಯಲ್ಲಿ ಮಲಗಿಸಿದರು. ಕಣ್ಣಿಗೆ ಮಬ್ಬು ಕನ್ನಡಕ, ಕೈಗೆ ಕವಚ, ಕಿವಿಗೆ ಫ್ಯಾನಿನ ಒಂದೇ ಗುಂಯ್. ಪಾಠ ನೆನೆಸಿಕೊಳ್ಳೋಣ ಎಂದು ಮಲಗಿದವರಿಗೆ ಸ್ವಲ್ಪ ಹೊತ್ತಿಗೇ ಒಂದು ಯೋಚನೆಯನ್ನೂ ಹಿಡಿದಿಡಲು ಆಗಲಿಲ್ಲ. ಕೆಲವರಿಗೆ ಇಲ್ಲದ್ದು ಕಾಣಿಸಿತು, ಕೇಳಿಸಿತು. ಹೆಚ್ಚಿನವರು ಎರಡು ಮೂರು ದಿನಕ್ಕೇ ಎದ್ದು ಹೊರಟರು. ಇಲ್ಲೂ ಅಷ್ಟೇ: ಯೋಚನೆ ಬೆಳೆಯಲಿಲ್ಲ, ಕೈಜಾರಿತು.

ಕಥೆಗೆ ನನ್ನ ಸಲಹೆ: ಗೋಡೆಯೊಳಗೆ ಎಲ್ಲೋ ಒಂದು ಮೈಕ್, ಒಂದು ಆಂಪ್ಲಿಫೈಯರ್, ಒಂದು ಸ್ಪೀಕರ್ ಅಡಗಿಸಿಡಿ. ಆಗ ನಿಮ್ಮ ಕೋಣೆ ಕೆಲಸ ಮಾಡುತ್ತದೆ. ಜೊತೆಗೆ ಬ್ಯಾಟರಿಯನ್ನೂ ಇಡಿ. ಇಲ್ಲದಿದ್ದರೆ ಕರೆಂಟ್ ಹೋದ ಕ್ಷಣವೇ ನಿಮ್ಮ ನಾಯಕ ಬಚಾವ್.