ರಗ್ಬಿಯೋ ಕ್ರಿಕೆಟ್ಟೋ ಆಮೇಲೆ ನೋಡೋಣ, ಅವನ ಓವರ್ ಎಣಿಸುತ್ತಿರೋದು ಯಾರು?

ನಿಮ್ಮ ಪ್ರಶ್ನೆ ಓದುತ್ತಾ ಓದುತ್ತಾ ನನ್ನ ಕೈ ತಾನಾಗೇ ಎಡಸೊಂಟಕ್ಕೆ ಹೋಯಿತು. ಹದಿನಾರರ ಮಗ, ಬೇಸಿಗೆಯಲ್ಲಿ ಕೌಂಟಿ ಅಂಡರ್-17 ತಂಡದ ಬಲಗೈ ವೇಗದ ಬೌಲರ್, ಚಳಿಗಾಲದಲ್ಲಿ ರಗ್ಬಿ ಅಕಾಡೆಮಿಯ ಫ್ಲಾಂಕರ್, ಅಂದರೆ ಮುಂಪಡೆಯ ಅಂಚಿನ ಆಟಗಾರ. ಯಾವುದನ್ನು ಬಿಡಿಸಲಿ, ಎ-ಲೆವೆಲ್ (ನಮ್ಮ ಪಿಯುಸಿ ಇದ್ದಹಾಗೆ) ಬದಲು ಹಗುರವಾದ ಕೋರ್ಸಿಗೆ ಹಾಕಲೇ ಅಂತ ಕೇಳಿದ್ದೀರಿ. 2006ರಲ್ಲಿ ನಮ್ಮ ಮನೆಯ ಊಟದ ಮೇಜಿನ ಮೇಲೆ ಇದೇ ಪ್ರಶ್ನೆ ಇತ್ತು. ಆಗ ನನಗೆ ಹದಿನೇಳು.

ನಾವು ದಾವಣಗೆರೆಯವರು. ಅಪ್ಪ ಡಾಕ್ಟರು, ಇಲ್ಲಿ ಇಂಗ್ಲೆಂಡಿನ ಮಿಡ್‌ಲ್ಯಾಂಡ್ಸ್‌ನಲ್ಲಿ ಆಸ್ಪತ್ರೆ ಕೆಲಸ ಸಿಕ್ಕಿತು ಅಂತ ನಾನು ಏಳು ವರ್ಷದವನಿದ್ದಾಗ ಬಂದೆವು. 2000ದಲ್ಲಿ ಅನಿಲ್ ಕುಂಬ್ಳೆ ಲೆಸ್ಟರ್‌ಷೈರ್‌ಗೆ ಆಡುತ್ತಿದ್ದರು. ಅಪ್ಪ ನೈಟ್ ಡ್ಯೂಟಿ ಮುಗಿಸಿ ನಿದ್ದೆಗಣ್ಣಲ್ಲೇ ನನ್ನನ್ನು ಲೆಸ್ಟರಿನ ಗ್ರೇಸ್ ರೋಡ್ ಮೈದಾನಕ್ಕೆ ಕರೆದುಕೊಂಡು ಹೋದರು. ಕೆಲಸದ ದಿನ, ಮೈದಾನದಲ್ಲಿ ಥರ್ಮಾಸ್ ಹಿಡಿದ ನಾಲ್ಕು ಜನ ಮುದುಕರು. ಕುಂಬ್ಳೆ ಬೌಂಡರಿ ಹತ್ತಿರ ಬಂದು ನಿಂತಾಗ ಕನ್ನಡದಲ್ಲಿ ಮಾತಾಡಿಸುವ ಧೈರ್ಯ ಇಬ್ಬರಿಗೂ ಬರಲಿಲ್ಲ. ಮನೆಗೆ ಬರುವ ದಾರಿಯಲ್ಲಿ ನಾನು ಕ್ರಿಕೆಟರ್ ಆಗುತ್ತೇನೆ ಅಂದೆ. ಅಪ್ಪ ಹೂಂ ಅಂದರು. ರಗ್ಬಿ ಆಮೇಲೆ ಬಂತು, ಶಾಲೆಯಿಂದ. ಒಂಬತ್ತನೇ ತರಗತಿಗೇ ಆರಡಿ ಬೆಳೆದುಬಿಟ್ಟಿದ್ದೆ, ಅಷ್ಟುದ್ದದ ಹುಡುಗನನ್ನು ಇಲ್ಲಿನ ರಗ್ಬಿ ಮಾಸ್ತರರು ಸುಮ್ಮನೆ ಬಿಡುವುದಿಲ್ಲ.

ನೇರವಾಗಿ ನನ್ನ ತಪ್ಪಿಗೆ ಬರುತ್ತೇನೆ, ಯಾಕೆಂದರೆ ಉಳಿದಿದ್ದೆಲ್ಲ ಅದರ ಬಾಲ.

ಕೌಂಟಿಯ ಕ್ರಿಕೆಟ್ ಅಕಾಡೆಮಿಯವರು ನಮಗೆ ಒಂದೊಂದು ಸಣ್ಣ ಡೈರಿ ಕೊಟ್ಟಿದ್ದರು. ಪ್ರತಿದಿನ ಎಷ್ಟು ಓವರ್ ಹಾಕಿದಿರಿ, ಎಲ್ಲಿ, ಮೈ ಹೇಗಿದೆ ಅಂತ ಬರೆಯಬೇಕು. ಹುಡುಗ ವೇಗಿಗಳಿಗೆ ಇಲ್ಲಿ ಓವರ್ ಮಿತಿ ಇದೆ, ನಿಮಗೂ ಹೇಳಿರುತ್ತಾರೆ. ಹದಿನಾರು, ಹದಿನೇಳರವರಿಗೆ ಒಂದೇ ಸರದಿಗೆ, ಅಂದರೆ ಒಂದು ಸ್ಪೆಲ್‌ಗೆ 7, ದಿನಕ್ಕೆ 18. ಒಂದು ಸ್ಪೆಲ್ ಮುಗಿದ ಮೇಲೆ ಅದೇ ತುದಿಯಿಂದ ಅಷ್ಟೇ ಓವರ್ ಬೇರೆಯವರು ಹಾಕುವ ತನಕ ಚೆಂಡು ಮುಟ್ಟುವಂತಿಲ್ಲ. ನಮ್ಮ ಕಾಲದಲ್ಲೂ ಇಂಥ ಮಿತಿ ಇತ್ತು. ಆದರೆ ಆ ಮಿತಿ ಪಂದ್ಯಕ್ಕೆ. ನಾನು ಆಡುತ್ತಿದ್ದದ್ದು ಮೂರು ತಂಡಕ್ಕೆ: ಶಾಲೆ, ಊರಿನ ಕ್ಲಬ್ಬು, ಕೌಂಟಿ. ಮೂವರು ಕೋಚುಗಳು, ಮೂವರೂ ಒಳ್ಳೆಯವರು, ಮೂವರೂ ತಮ್ಮ ತಮ್ಮ ಓವರನ್ನು ಸರಿಯಾಗಿಯೇ ಎಣಿಸುತ್ತಿದ್ದರು. ಮೂರನ್ನೂ ಕೂಡಿಸುವ ಜಾಗ ಇದ್ದದ್ದು ಒಂದೇ, ಆ ಡೈರಿ. ಅದು ನನ್ನ ಕೈಯಲ್ಲಿತ್ತು.

ಜುಲೈ ಮೊದಲ ವಾರದ ಲೆಕ್ಕ ಹೇಳುತ್ತೇನೆ. ಸೋಮವಾರ ಅಕಾಡೆಮಿ ನೆಟ್ಸ್, 8 ಓವರ್. ಬುಧವಾರ ಶಾಲೆಯ ಪಂದ್ಯ, 10. ಗುರುವಾರ ಸಂಜೆ ಕ್ಲಬ್ಬಿನ ನೆಟ್ಸ್, 6. ಶನಿವಾರ ಕ್ಲಬ್ ಲೀಗ್, ಏಳೇಳರ ಎರಡು ಸ್ಪೆಲ್, 14. ಭಾನುವಾರ ಕೌಂಟಿ, 12. ಕೂಡಿಸಿದರೆ 50. ಡೈರಿಯಲ್ಲಿ ನಾನು ಬರೆದದ್ದು: ಸೋಮವಾರ 8, ಭಾನುವಾರ 12, ಯಾಕೆಂದರೆ ಆ ಎರಡನ್ನೂ ಅಕಾಡೆಮಿಯವರು ಕಣ್ಣಾರೆ ನೋಡಿದ್ದರು. ಶಾಲೆಯ 10 ಡೈರಿಗೆ ಬಂದಾಗ 4 ಆಯಿತು. ಕ್ಲಬ್ಬಿನ 14 ಆಗಿದ್ದು 6. ಗುರುವಾರ ಬರೆಯಲೇ ಇಲ್ಲ, ಗೆಳೆಯರ ಜೊತೆ ನೆಟ್ಸ್ ಅಂದರೆ ಆಟ ತಾನೇ ಅಂತ ನನಗೆ ನಾನೇ ಹೇಳಿಕೊಂಡೆ. ಡೈರಿಯಲ್ಲಿ 30, ಬೆನ್ನಿನಲ್ಲಿ 50.

ಯಾಕೆ ಹಾಗೆ ಮಾಡಿದೆ ಅನ್ನೋದನ್ನು ಬಿಡಿಸಿ ಹೇಳಬೇಕು, ಯಾಕೆಂದರೆ ನಿಮ್ಮ ಮಗನೂ ಇದೇ ಲೆಕ್ಕಾಚಾರ ಮಾಡುತ್ತಿರಬಹುದು. ನಿಜ ಬರೆದರೆ ನನ್ನನ್ನು ಒಂದು ಪಂದ್ಯ ಕೂರಿಸುತ್ತಾರೆ. ಯಾವ ಪಂದ್ಯದಲ್ಲಿ ಅನ್ನೋದು ನನ್ನ ಕೈಲಿಲ್ಲ. ಕೂರಿಸಿದ ದಿನವೇ ಆಯ್ಕೆಗಾರರು ಬಂದರೆ? ನನ್ನ ಜಾಗದಲ್ಲಿ ಆಡಿದ ಹುಡುಗ ಐದು ವಿಕೆಟ್ ತೆಗೆದರೆ? ಒಂದು ಸಲ ಸುಳ್ಳು ಬರೆದ ಮೇಲೆ ಮುಂದಿನ ವಾರ ನಿಜ ಬರೆಯೋದಕ್ಕೂ ಆಗಲ್ಲ. 30 ಇದ್ದದ್ದು ಇದ್ದಕ್ಕಿದ್ದಂತೆ 50 ಆದರೆ ಕೇಳುತ್ತಾರಲ್ಲ. ಹಾಗಾಗಿ ಸುಳ್ಳು ತನ್ನಷ್ಟಕ್ಕೆ ತಾನೇ ಮುಂದುವರಿಯಿತು. ಅತಿಯಾಗಿ ಬೌಲ್ ಮಾಡಿದ್ದೇ ತಪ್ಪು ಅಂತ ಬಹಳ ವರ್ಷ ಅಂದುಕೊಂಡಿದ್ದೆ. ಅಲ್ಲ. ಹದಿನೇಳರ ಹುಡುಗ ಅತಿಯಾಗಿ ಬೌಲ್ ಮಾಡೇ ಮಾಡುತ್ತಾನೆ, ಅದನ್ನು ತಡೆಯೋಕೆ ಅಂತಲೇ ದೊಡ್ಡವರು ಇರೋದು. ನಾನು ಆ ದೊಡ್ಡವರ ಕಣ್ಣು ಕಟ್ಟಿದೆ. ಅಕಾಡೆಮಿಯ ಫಿಸಿಯೋ ಪ್ರತಿ ತಿಂಗಳು ಡೈರಿ ನೋಡಿ ಚೆನ್ನಾಗಿ ನಿಭಾಯಿಸುತ್ತಿದ್ದೀಯ ಅಂತ ಬೆನ್ನು ತಟ್ಟುತ್ತಿದ್ದರು. ಅದೇ ಬೆನ್ನು.

ಇದರ ಮೇಲೆ ರಗ್ಬಿ. ಸೆಪ್ಟೆಂಬರಿನಿಂದ ಏಪ್ರಿಲ್ ತನಕ ರಗ್ಬಿ, ಏಪ್ರಿಲ್‌ನಿಂದ ಸೆಪ್ಟೆಂಬರ್ ತನಕ ಕ್ರಿಕೆಟ್. ಎಲ್ಲಿದೆ ಸಂದು? ಜುಲೈ ಕೊನೆಗೇ ರಗ್ಬಿಯವರ ಪ್ರೀ-ಸೀಸನ್ ಶುರು, ಬೆಳಿಗ್ಗೆ ಜಿಮ್ಮಿನಲ್ಲಿ ಭಾರ ಎತ್ತುವುದು, ಸಂಜೆ ಬೌಲಿಂಗ್. ಡೈರಿಯಲ್ಲಿ ಜಿಮ್ಮಿಗೆ ಕಾಲಮ್ಮೇ ಇರಲಿಲ್ಲ.

ನೋವು ಮೊದಲು ಬಂದದ್ದು ಕಾಲುಚೀಲ ಹಾಕಿಕೊಳ್ಳುವಾಗ. ಸೊಂಟದ ಎಡಗಡೆ, ಒಂದು ನಾಣ್ಯದಷ್ಟು ಜಾಗ, ಬೆರಳಿಟ್ಟು ತೋರಿಸಬಹುದಾದಷ್ಟು ಖಚಿತ. ಬಲಗೈ ಬೌಲರ್‌ಗೆ ಎಡಗಡೆಯೇ ಬಿರುಕು ಬಿಡೋದು ಹೆಚ್ಚು. ಮುಂಗಾಲು ಊರಿದಾಗ ದೇಹದ ತೂಕದ ಐದಾರು ಪಟ್ಟು ಭಾರ ಮೇಲಕ್ಕೆ ಬರುತ್ತದೆ, ಅದೇ ಕ್ಷಣದಲ್ಲಿ ಬೆನ್ನು ಹಿಂದಕ್ಕೆ ಬಾಗಿ, ಪಕ್ಕಕ್ಕೆ ವಾಲಿ, ತಿರುಗುತ್ತಿರುತ್ತದೆ. ಆ ವಯಸ್ಸಿಗೆ ಕೆಳಬೆನ್ನಿನ ಮೂಳೆ ಇನ್ನೂ ಪೂರ್ತಿ ಬಲಿತಿರುವುದಿಲ್ಲ. ಆಗ ಇದೆಲ್ಲ ಗೊತ್ತಿರಲಿಲ್ಲ. ಅಮ್ಮ ವಾಯು ಹಿಡಿದಿರಬೇಕು ಅಂದಳು, ಹರಳೆಣ್ಣೆ ಬಿಸಿ ಮಾಡಿ ತಿಕ್ಕಿದಳು, ಅದರ ಮೇಲೆ ಅಮೃತಾಂಜನ್. ಕಿಟ್ ಬ್ಯಾಗ್ ಭಾರ ಕಣಮ್ಮ ಅಂದೆ. ಅಪ್ಪನ ಎದುರಿಗೆ ಬಗ್ಗುತ್ತಲೇ ಇರಲಿಲ್ಲ. ಡಾಕ್ಟರಲ್ಲವೇ, ಗೊತ್ತಾಗಿಬಿಡುತ್ತದೆ ಅಂತ ಅವರು ಡ್ಯೂಟಿಗೆ ಹೋದ ಮೇಲೆ ಶೂ ಕಟ್ಟಿಕೊಳ್ಳುತ್ತಿದ್ದೆ.

ಆಗಸ್ಟಿನ ಒಂದು ಶನಿವಾರ, ಎರಡನೇ ಸ್ಪೆಲ್ಲಿನ ನಾಲ್ಕನೇ ಎಸೆತ. ಕಾಲು ಊರಿದೆ, ಚೆಂಡು ಕೈಬಿಟ್ಟಿತು, ನಾನು ಅಲ್ಲೇ ಮಂಡಿಯೂರಿದೆ. ವೈಡ್. ಅಂಪೈರ್ ಕೈ ಚಾಚಿದ್ದು ಈಗಲೂ ಕಣ್ಣಿಗೆ ಕಟ್ಟಿದಂತಿದೆ. ಕಾರಿನ ಹಿಂದಿನ ಸೀಟಿನಲ್ಲಿ ಒಂದು ಮಗ್ಗುಲಾಗಿ ಮಲಗಿಸಿಕೊಂಡು ಮನೆಗೆ ತಂದರು. ಸ್ಕ್ಯಾನಿನಲ್ಲಿ ಐದನೇ ಸೊಂಟದ ಮೂಳೆಯ ಎಡಗಡೆ ಬಿರುಕು, ಬಲಗಡೆ ಶುರುವಾಗುತ್ತಿದ್ದ ಇನ್ನೊಂದು. ಅಪ್ಪ ಫಿಲ್ಮನ್ನು ಕಿಟಕಿಗೆ ಹಿಡಿದು ನೋಡಿದರು, ಆಮೇಲೆ ನನ್ನ ಡೈರಿ ಕೇಳಿದರು. ಓದಿ ವಾಪಸ್ ಕೊಟ್ಟರು. ಒಂದು ಮಾತೂ ಆಡಲಿಲ್ಲ.

ಆರು ತಿಂಗಳು ಚೆಂಡು ಮುಟ್ಟಲಿಲ್ಲ. ರಗ್ಬಿ ಅಕಾಡೆಮಿ ಆ ಚಳಿಗಾಲದಲ್ಲೇ ಕೈಬಿಟ್ಟಿತು, ಸ್ಕ್ರಮ್ಮಿಗೆ, ಅಂದರೆ ಎರಡೂ ಕಡೆಯವರು ಬಗ್ಗಿ ಭುಜ ಕೊಟ್ಟು ತಳ್ಳಾಡುವುದಕ್ಕೆ, ಬಗ್ಗಲಾಗದ ಫ್ಲಾಂಕರ್ ಯಾರಿಗೆ ಬೇಕು. ವಸಂತದಲ್ಲಿ ಬೌಲಿಂಗಿಗೆ ಮರಳಿದೆ, ಆದರೆ ಮುಂಗಾಲು ಊರುವ ಮುಂಚೆ ಮೈ ತಾನೇ ಬ್ರೇಕ್ ಹಾಕುತ್ತಿತ್ತು. 2007ರ ಸೆಪ್ಟೆಂಬರಿನಲ್ಲಿ ಕೌಂಟಿಯಿಂದ ಪತ್ರ ಬಂತು, ಸಭ್ಯವಾದ ನಾಲ್ಕು ಸಾಲು.

ಈಗ ನಿಮ್ಮ ಪ್ರಶ್ನೆ. ರೆಹಾನ್ ಅಹ್ಮದ್ ಹದಿನೆಂಟಕ್ಕೆ ಟೆಸ್ಟ್ ಆಡಿದ, ಹೆನ್ರಿ ಪೊಲಾಕ್ ಇಪ್ಪತ್ತಕ್ಕೆ ಇಂಗ್ಲೆಂಡ್ ರಗ್ಬಿ ತಂಡಕ್ಕೆ ಬಂದ, ನಮಗೆ ಟೈಮಿಲ್ಲ ಅಂತ ಬರೆದಿದ್ದೀರಿ. ಈ ಮಾತನ್ನು ನಾನು ಒಪ್ಪುವುದೇ ಇಲ್ಲ. ರೆಹಾನ್ 2022ರ ಡಿಸೆಂಬರಿನಲ್ಲಿ ಕರಾಚಿಯಲ್ಲಿ ಐದು ವಿಕೆಟ್ ತೆಗೆದ, ನಿಜ. ಆದರೆ ಅವನು ಲೆಗ್ ಸ್ಪಿನ್ನರ್ ಸ್ವಾಮಿ. ನಿಮ್ಮ ಮಗ ವೇಗಿ. ನಿಮ್ಮ ಮಗನ ಜೊತೆ ಇಟ್ಟು ನೋಡಬೇಕಾದವನು ಇಂಗ್ಲೆಂಡಿನ ವೇಗಿ ಜೋಫ್ರಾ ಆರ್ಚರ್. 2021ರ ಫೆಬ್ರವರಿಯಲ್ಲಿ ಅಹಮದಾಬಾದಿನಲ್ಲಿ ಟೆಸ್ಟ್ ಆಡಿದವನು ಮೊಣಕೈ, ಬೆನ್ನು ಅಂತ ಸುತ್ತಿ ಮುಂದಿನ ಟೆಸ್ಟ್ ಆಡಿದ್ದು 2025ರ ಜುಲೈನಲ್ಲಿ, ಲಾರ್ಡ್ಸ್‌ನಲ್ಲಿ. ಮೂರನೇ ಎಸೆತಕ್ಕೇ ಜೈಸ್ವಾಲ್ ವಿಕೆಟ್ ತೆಗೆದ, ನಾವೆಲ್ಲ ಬೈದುಕೊಂಡೇ ಚಪ್ಪಾಳೆ ತಟ್ಟಿದೆವು. ನಡುವೆ ಹೋದ ನಾಲ್ಕು ವರ್ಷಕ್ಕೂ ಮೇಲಿನ ಕಾಲ ಯಾರು ಕೊಡುತ್ತಾರೆ? ಅದೂ ಅವನ ಹಿಂದೆ ಇಂಗ್ಲೆಂಡಿನ ಇಡೀ ವೈದ್ಯಕೀಯ ತಂಡ ಇತ್ತು. ನಿಮ್ಮ ಮಗನ ಹಿಂದೆ ಇರೋದು ನೀವು.

ಪೊಲಾಕ್ 2025ರಲ್ಲಿ ಕಾರ್ಡಿಫ್‌ನಲ್ಲಿ ಮೊದಲ ಪಂದ್ಯಕ್ಕೇ ಎರಡು ಟ್ರೈ (ಎದುರಾಳಿಯ ಗೆರೆಯಾಚೆ ಚೆಂಡು ಊರಿ ಗಳಿಸುವ ಅಂಕ) ಹೊಡೆದ. ಅದೇ ಕಾರ್ಡಿಫ್‌ನಲ್ಲಿ 2005ರಲ್ಲಿ ಹದಿನೆಂಟರ ಮ್ಯಾಥ್ಯೂ ಟೇಟ್ ಇಂಗ್ಲೆಂಡಿಗೆ ಮೊದಲ ಸಲ ಆಡಿದ. ವೇಲ್ಸ್‌ನ ಗ್ಯಾವಿನ್ ಹೆನ್ಸನ್ ಅವನನ್ನು ಮಗುವನ್ನು ಎತ್ತಿಕೊಂಡಂತೆ ಎತ್ತಿಕೊಂಡು ಹೋದ, ಟಿವಿಯಲ್ಲಿ ಅದನ್ನು ಎಷ್ಟು ಸಲ ತೋರಿಸಿದರೋ ಲೆಕ್ಕವಿಲ್ಲ. ಮುಂದಿನ ಪಂದ್ಯಕ್ಕೆ ಹುಡುಗ ಹೊರಗೆ. ಎರಡು ವರ್ಷ ಕಳೆದು 2007ರ ವಿಶ್ವಕಪ್ ಫೈನಲ್ಲಿನಲ್ಲಿ ಆಡಿದ ಅನ್ನೋದು ಅವನ ಗಟ್ಟಿತನ. ಬೇಗ ಹೋಗಿದ್ದರಿಂದ ಅವನಿಗೇನು ಸಿಕ್ಕಿತು ಹೇಳಿ. ಹಸೀಬ್ ಹಮೀದ್ ಹತ್ತೊಂಬತ್ತಕ್ಕೆ ರಾಜ್‌ಕೋಟ್‌ನಲ್ಲಿ 82 ಹೊಡೆದಾಗ ನಮ್ಮ ಕ್ಲಬ್ಬಿನವರೆಲ್ಲ ಮುಂದಿನ ಹದಿನೈದು ವರ್ಷಕ್ಕೆ ಓಪನರ್ ಸಿಕ್ಕ ಅಂದರು. 2018ರಲ್ಲಿ ಕೌಂಟಿಯಲ್ಲಿ ಅವನ ಸರಾಸರಿ ಹತ್ತನ್ನೂ ಮುಟ್ಟಲಿಲ್ಲ, 2019ರಲ್ಲಿ ಲ್ಯಾಂಕಾಷೈರ್ ಬಿಟ್ಟುಕೊಟ್ಟಿತು. 2025ರಲ್ಲಿ ನಾಟಿಂಗ್‌ಹ್ಯಾಮ್‌ಷೈರ್ ಕೌಂಟಿ ಚಾಂಪಿಯನ್ ಆದಾಗ ನಾಯಕ ಅವನೇ. ಹತ್ತೊಂಬತ್ತರಲ್ಲಿ ಏನೂ ತೀರ್ಮಾನ ಆಗಿರಲಿಲ್ಲ, ಇಪ್ಪತ್ತೆರಡರಲ್ಲೂ.

ಎರಡನ್ನೂ ಒಟ್ಟಿಗೆ ಕೊನೆತನಕ ಆಡಬಹುದಾ? ಇಂಗ್ಲೆಂಡಿಗೆ ರಗ್ಬಿ, ಕ್ರಿಕೆಟ್ ಎರಡನ್ನೂ ಆಡಿದ ಕೊನೆಯವರು ಎಂ.ಜೆ.ಕೆ. ಸ್ಮಿತ್. ರಗ್ಬಿ ಒಂದೇ ಪಂದ್ಯ, 1956ರಲ್ಲಿ, ಟೆಸ್ಟ್ ಐವತ್ತು. ಆಗ ರಗ್ಬಿಯಲ್ಲಿ ಸಂಬಳ ಇರಲಿಲ್ಲ, ಜುಲೈನಲ್ಲಿ ಜಿಮ್ಮೂ ಇರಲಿಲ್ಲ. ಈಗ ಆಗದ ಮಾತು. ಹಾಗಂತ ಈಗಲೇ ಒಂದನ್ನು ಬಿಡಿಸಿ ಅಂತಲೂ ಹೇಳಲ್ಲ. ಹದಿನೆಂಟರ ತನಕ ಎರಡೂ ಆಡಲಿ, ನಡುವೆ ಒಂದು ತಿಂಗಳು ಪೂರ್ತಿ ಖಾಲಿ ಇರಬೇಕು, ಅಷ್ಟೇ. ಆ ಒಂದು ತಿಂಗಳನ್ನು ಯಾವ ಅಕಾಡೆಮಿ ಬಿಟ್ಟುಕೊಡುವುದಿಲ್ಲವೋ ಅದನ್ನು ಬಿಡಿ. ಆಯ್ಕೆ ತಾನಾಗೇ ಆಗುತ್ತದೆ.

ಎ-ಲೆವೆಲ್ ಮುಟ್ಟಬೇಡಿ. ನಾನೂ ಹದಿನಾರರಲ್ಲಿ ಸ್ಪೋರ್ಟ್ಸ್ ಬಿಟೆಕ್ (BTEC, ಎ-ಲೆವೆಲ್ ಬದಲು ಮಾಡುವ ವೃತ್ತಿಪರ ಕೋರ್ಸು, ಎಂಜಿನಿಯರಿಂಗ್ ಡಿಗ್ರಿ ಅಲ್ಲ) ಸೇರುತ್ತೇನೆ ಅಂತ ಹಟ ಹಿಡಿದಿದ್ದೆ. ಫೋನಿನಲ್ಲಿ ಕೇಳಿಸಿಕೊಂಡ ದಾವಣಗೆರೆಯ ಅಜ್ಜಿ ಮೊಮ್ಮಗ ಬಿ.ಟೆಕ್ ಸೇರಿದ, ಅದೂ ಹದಿನಾರಕ್ಕೆ ಅಂತ ಬೀದಿಗೆಲ್ಲ ಪೇಡ ಹಂಚಿದ್ದರು. ಅಪ್ಪ ಒಪ್ಪಲಿಲ್ಲ. ಆ ಚಳಿಗಾಲ ನೆಲದ ಮೇಲೆ ಮಲಗಿಕೊಂಡೇ ಗಣಿತ, ಭೌತಶಾಸ್ತ್ರ ಓದಿದೆ, ಇವತ್ತು ಕೌನ್ಸಿಲ್ಲಿನ ರಸ್ತೆ ವಿಭಾಗದಲ್ಲಿ ಎಂಜಿನಿಯರ್. ಅಜ್ಜಿಯ ಪೇಡ ತಡವಾಗಿ ನಿಜವಾಯಿತು. ಓದಿದರೆ ಆಟ ಕೆಡುತ್ತದೆ ಅನ್ನೋದೂ ಬರೀ ಮಾತು. ರಗ್ಬಿ ಆಟಗಾರ ಮಾರೊ ಇಟೋಜೆ ಸಾರಸೆನ್ಸ್‌ಗೆ ಆಡುತ್ತಲೇ ಲಂಡನ್ನಿನಲ್ಲಿ ರಾಜಕೀಯಶಾಸ್ತ್ರ ಓದಿದ, 2025ರಲ್ಲಿ ಲಯನ್ಸ್, ಅಂದರೆ ಬ್ರಿಟನ್ ಮತ್ತು ಐರ್ಲೆಂಡಿನ ಆಯ್ದ ಆಟಗಾರರ ರಗ್ಬಿ ತಂಡದ, ನಾಯಕನಾದ. ಜಫರ್ ಅನ್ಸಾರಿ ಕೇಂಬ್ರಿಡ್ಜಿನಲ್ಲಿ ಓದಿ, ಇಂಗ್ಲೆಂಡಿಗೆ ಮೂರು ಟೆಸ್ಟ್ ಆಡಿ, 25ಕ್ಕೆ ಸಾಕು ಅಂತ ತಾನಾಗಿಯೇ ಬಿಟ್ಟ. ಬಿಡುವ ಸ್ವಾತಂತ್ರ್ಯ ಎಲ್ಲಿಂದ ಬಂತು? ಇನ್ನು ವೂಸ್ಟರ್, ವಾಸ್ಪ್ಸ್ 2022ರಲ್ಲಿ, ಲಂಡನ್ ಐರಿಷ್ 2023ರಲ್ಲಿ, ಮೂರು ದೊಡ್ಡ ರಗ್ಬಿ ಕ್ಲಬ್ಬುಗಳೇ ಸಾಲದಲ್ಲಿ ಮುಳುಗಿದವು. ಆಟಗಾರರ ಮೈಯಲ್ಲಿ ಯಾವ ಗಾಯವೂ ಇರಲಿಲ್ಲ, ಕೆಲಸ ಮಾತ್ರ ಹೋಯಿತು.

ಒಂದು ನೋಟ್‌ಬುಕ್ ತನ್ನಿ. ಅದು ನಿಮ್ಮ ಕೈಯಲ್ಲಿರಲಿ, ಅವನ ಕೈಯಲ್ಲಲ್ಲ. ಪೆನ್ನಿನಲ್ಲಿ ಬರೆಯಿರಿ. ಶಾಲೆ, ಕ್ಲಬ್ಬು, ಕೌಂಟಿ, ನೆಟ್ಸ್, ಹಿತ್ತಲಲ್ಲಿ ತಮ್ಮನಿಗೆ ಹಾಕಿದ್ದು, ಜಿಮ್ಮು, ಎಲ್ಲ. ಭಾನುವಾರ ರಾತ್ರಿ ಆ ಪುಟದ ಫೋಟೋ ಮೂವರು ಕೋಚುಗಳಿಗೂ ಒಂದೇ ಮೆಸೇಜಿನಲ್ಲಿ ಹೋಗಲಿ. ಮಗ ಮುಖ ಊದಿಸಿಕೊಳ್ಳುತ್ತಾನೆ, ಊದಿಸಿಕೊಳ್ಳಲಿ. ನೋವಿದೆಯಾ ಅಂತ ಕೇಳಬೇಡಿ, ಇಲ್ಲ ಅಂತಲೇ ಹೇಳುತ್ತಾನೆ. ಬೆಳಿಗ್ಗೆ ಕಾಲುಚೀಲ ಹೇಗೆ ಹಾಕಿಕೊಳ್ಳುತ್ತಾನೆ ನೋಡಿ.

ನನ್ನ ಡೈರಿ ಇನ್ನೂ ಇದೆ. ಆ ಜುಲೈ ಶನಿವಾರದ ಚೌಕದಲ್ಲಿ 6 ಅಂತಿದೆ, ಪೆನ್ಸಿಲ್ಲಿನಲ್ಲಿ. ಹಾಳೆಯನ್ನು ಬೆಳಕಿಗೆ ಓರೆಯಾಗಿ ಹಿಡಿದರೆ ಕೆಳಗೆ ರಬ್ಬರಿನಿಂದ ಅಳಿಸಿದ 14 ಕಾಣುತ್ತದೆ. ಮೊದಲು ನಿಜವನ್ನೇ ಬರೆದಿದ್ದೆ ಅನ್ನೋದು ನನಗೆ ಮರೆತೇಹೋಗಿತ್ತು.

ನಿಮ್ಮ ಮಗ ಈ ವಾರ ಎಷ್ಟು ಓವರ್ ಹಾಕಿದ? ನೆಟ್ಸ್ ಸೇರಿಸಿ ಎಣಿಸಿ ಇಲ್ಲೇ ಕೆಳಗೆ ಬರೆಯಿರಿ, ನಾನು ನೋಡುತ್ತಿರುತ್ತೇನೆ.